ಕೋಠಿಯಲ್ಲಿ ಕೇಳಿದ ಹಂಪಿ

ಕೋಠಿಯ ಹಳೇ ಪುಸ್ತಕದಂಗಡಿಯಲ್ಲಿ ಚೆಸ್ ಪುಸ್ತಕವೊಂದನ್ನು ತಿರುವುತ್ತಿದ್ದೆ. ‘ನಮ್ಮ ಹಂಪಿ ಆಟ ನೋಡಿದ್ದೀರಾ?’ ಎಂದರು ಅಂಗಡಿಯವರು, ತೆಲುಗಿನಲ್ಲಿ. ಹಂಪಿ ಎಂದೊಡನೆ ನನ್ನ ಮನಸ್ಸು ತುಂಗಭದ್ರೆಯ ದಡಕ್ಕೆ ಓಡಿತು. ಅವರು ಹೇಳಿದ್ದು ಗುಡಿವಾಡದ ಕೋನೇರು ಹಂಪಿಯನ್ನು. ಆಕೆ 2002ರಲ್ಲಿ, 15ನೇ ವಯಸ್ಸಿಗೇ ಗ್ರ್ಯಾಂಡ್‌ಮಾಸ್ಟರ್. ಮಗಳಿಗೆ ಆಟ ಕಲಿಸಲೆಂದು ತಂದೆ ಅಶೋಕ್ ಅಧ್ಯಾಪಕ ವೃತ್ತಿಯನ್ನೇ ಬಿಟ್ಟಿದ್ದರು.

‘ನಿಮ್ಮ ಕಡೆ ಯಾರಿದ್ದಾರೆ?’

ಮೈಸೂರಿನ ಎಂ.ಎಸ್. ತೇಜ್‌ಕುಮಾರ್ ಎಂದೆ. ಆನಂದ್ 1988ರಲ್ಲಿ ದೇಶದ ಮೊದಲ ಗ್ರ್ಯಾಂಡ್‌ಮಾಸ್ಟರ್ ಆದರು. ಕರ್ನಾಟಕದ ಮೊದಲಿಗರಾದ ತೇಜ್‌ಕುಮಾರ್ 2017ರಲ್ಲಿ, ದೇಶಕ್ಕೆ 50ನೆಯವರಾಗಿ. ನಡುವೆ 29 ವರ್ಷ! ತಡವಾಯಿತೆಂದು ಮೂಗು ಮುರಿಯುವವರಿದ್ದಾರೆ. ರೈಲ್ವೆ ನೌಕರಿಯ ಜೊತೆಗೇ ಆಡಿದವರು ಅವರು. ರಜೆ ಹೊಂದಿಸುವ ಪಾಡು ನಮಗಾದರೂ ಗೊತ್ತಿರಬೇಕಲ್ಲ.

ಅಂಗಡಿಯವರು ಆ ಹೆಸರು ಕೇಳಿರಲಿಲ್ಲ. ರಸೀದಿಯ ಹಿಂದೆ ತೆಲುಗಿನಲ್ಲಿ ಬರೆದುಕೊಟ್ಟು ಬಂದೆ.