ಟಿಂಪ್ಯಾನಿಕ್ ಅಂದ್ರೆ ತಮಟೆಯಂಥದ್ದು: ಒಂದು ಪದದ ಕಥೆ

ಭಾಗ 1/6 🥁
"ಮೆಲ್ಲಗೆ ಮಾತಾಡೋ, ಕಿವಿ ತಮಟೆ ಒಡೆದುಹೋಗುತ್ತೆ!"
ಈ ಬೈಗುಳ ತಿನ್ನದೆ ಬೆಳೆದವರು ನಮ್ಮಲ್ಲಿ ಯಾರಾದ್ರೂ ಇದ್ದೀರಾ? ಆಮೇಲೆ ಪಿಯುಸಿಗೆ ಬಂದಾಗ ಅದೇ ತಮಟೆಗೆ ಬಯಾಲಜಿ ಪುಸ್ತಕದಲ್ಲಿ ಬೇರೆ ಹೆಸರು ಸಿಗುತ್ತೆ: ಟಿಂಪ್ಯಾನಿಕ್ ಮೆಂಬ್ರೇನ್. ಮೆಂಬ್ರೇನ್ ಅಂದ್ರೆ ಪೊರೆ ಅಂತ ಎಲ್ಲರಿಗೂ ಗೊತ್ತು. 'ಟಿಂಪ್ಯಾನಿಕ್' ಅಂದ್ರೆ ಏನು ಅಂತ ಯಾರೂ ಕೇಳಲ್ಲ, ಬಾಯಿಪಾಠ ಮಾಡಿ ಮುಂದೆ ಹೋಗ್ತೀವಿ.
ಅದೊಂದು ಗುಣವಾಚಕ. ಅರ್ಥ ಸರಳ: ತಮಟೆಯಂಥ, ಡೋಲಿನಂಥ. ಆದ್ರೆ 'ಅಂಥ' ಅನ್ನೋದಕ್ಕೆ ಇಲ್ಲಿ ಎರಡು ಮುಖ ಇವೆ. ಒಂದು ಸದ್ದು: ಬಡಿದರೆ ಟೊಳ್ಳಾಗಿ, ತುಂಬಿಕೊಂಡು ಮೊಳಗಬೇಕು. ಇನ್ನೊಂದು ಆಕಾರ: ಚೌಕಟ್ಟಿಗೆ ಬಿಗಿದ ತೊಗಲು, ಒಳಗೆ ಖಾಲಿ ಜಾಗ.
ಕನ್ನಡಕ್ಕೆ ಇದು ಹೊಸದೇನಲ್ಲ. ನಾವು 'ಡೊಳ್ಳು ಹೊಟ್ಟೆ' ಅಂತೀವಲ್ಲ, ಅದು ಪೂರ್ತಿ ಆಕಾರದ ಮಾತು. ಗಣಪತಿಯ ಹೊಟ್ಟೆ ಬಡಿದು ಸದ್ದು ಕೇಳಿದವರು ಯಾರೂ ಇಲ್ಲ! ಸಂತೆಯಲ್ಲಿ ಕಲ್ಲಂಗಡಿಯನ್ನ, ಮಡಕೆಯನ್ನ ತಟ್ಟಿ ನೋಡ್ತೀವಲ್ಲ, ಅದು ಸದ್ದಿನ ಲೆಕ್ಕ. ಜೈನ ಶಾಸ್ತ್ರಗಳಲ್ಲಿ ಊರ್ಧ್ವಲೋಕಕ್ಕೆ ಮೃದಂಗದ ಆಕಾರ ಅಂತ ವರ್ಣನೆ ಇದೆ. ಅಂದ್ರೆ ಹೊಟ್ಟೆಯಿಂದ ಲೋಕದವರೆಗೆ ನಾವು ಚರ್ಮವಾದ್ಯವನ್ನೇ ಅಳತೆಗೋಲು ಮಾಡ್ಕೊಂಡಿದ್ದೀವಿ.
ಈ ಸರಣಿಯಲ್ಲಿ 'ಟಿಂಪ್ಯಾನಿಕ್' ಪದದ ಹಿಂದೆ ಹೋಗೋಣ. ಕೊನೆಗೆ ನಮ್ಮ ತಮಟೆಗೇ ಬಂದು ನಿಲ್ತೀವಿ. ಅಲ್ಲಿ ಒಂದು ಪ್ರಶ್ನೆ ಇದೆ.

ಭಾಗ 2/6 🏺
ಮೊದಲು ಗ್ರೀಸ್. ಗ್ರೀಕ್ ಭಾಷೆಯಲ್ಲಿ 'ಟಿಂಪನಾನ್' ಅಂದ್ರೆ ಕೈಯಲ್ಲಿ ಹಿಡಿದು ಬಾರಿಸುವ, ದುಂಡು ಚೌಕಟ್ಟಿನ ಚರ್ಮವಾದ್ಯ. 'ಹೊಡೆ' ಅನ್ನೋ ಅರ್ಥದ ಕ್ರಿಯಾಪದದಿಂದ ಹುಟ್ಟಿದ ಹೆಸರು. ಹಳೇ ಗ್ರೀಕ್ ಹೂಜಿಗಳ ಮೇಲಿನ ಚಿತ್ರ ನೋಡಿದ್ರೆ ಇದನ್ನ ಹಿಡಿದಿರೋದು ಹೆಚ್ಚಾಗಿ ಹೆಂಗಸರು. ತಲೆಗೂದಲು ಬಿಚ್ಚಿಕೊಂಡು, ಮೈಮರೆತು ಕುಣಿಯುತ್ತಾ ಬಾರಿಸ್ತಿರ್ತಾರೆ. ಡಯೊನೈಸಸ್ ದೇವರ ಉತ್ಸವ, ಸಿಬೆಲೆ ಅನ್ನೋ ಮಹಾತಾಯಿಯ ಪೂಜೆ, ಎರಡರಲ್ಲೂ ಈ ವಾದ್ಯ ಬೇಕೇ ಬೇಕು.
ಸಿಬೆಲೆ ಮೂಲತಃ ಇವತ್ತಿನ ಟರ್ಕಿ ಕಡೆಯ ದೇವಿ. ಕ್ರಿ.ಪೂ. 204ರಲ್ಲಿ ರೋಮ್‌ನವರು ಹ್ಯಾನಿಬಲ್ ಜೊತೆಗಿನ ಯುದ್ಧದಲ್ಲಿ ಕಂಗಾಲಾಗಿದ್ದಾಗ ಈ ದೇವಿಯನ್ನ ಒಂದು ಕಪ್ಪು ಕಲ್ಲಿನ ರೂಪದಲ್ಲಿ ತಮ್ಮ ಊರಿಗೆ ಕರೆಸಿಕೊಂಡ್ರು. ದೊಡ್ಡ ಗುಡಿ ಕಟ್ಟಿದ್ರು, ವರ್ಷಾ ವರ್ಷ ಹಬ್ಬ ಮಾಡಿದ್ರು.
ಆದ್ರೆ ದೇವಿಯ ಜೊತೆಗೇ ಬಂದ ಪೂಜಾರಿಗಳ ವಿಷಯ ಬೇರೆ. ಅವರು ಬೀದಿಯಲ್ಲಿ ಟಿಂಪನಾನ್ ಬಾರಿಸ್ತಾ, ತಾಳ ಕುಟ್ತಾ ಮೆರವಣಿಗೆ ಹೋಗ್ತಿದ್ರು. ರೋಮ್‌ನ ನಾಗರಿಕರು ಈ ಪೂಜಾರಿಗಳ ಸಾಲಿಗೆ ಸೇರಬಾರದು ಅಂತ ಬಹಳ ಕಾಲ ನಿಷೇಧ ಇತ್ತು. ಇವರನ್ನ ಗಂಡಸರಲ್ಲ ಅಂತ ಹಂಗಿಸಿ ಬರೆದವರಿಗೂ ಕೊರತೆ ಇರಲಿಲ್ಲ.
ದೇವಿ ಬೇಕು, ದೇವಿಯ ಮುಂದೆ ವಾದ್ಯ ಬೇಕು, ವಾದ್ಯ ಬಾರಿಸೋರು ಮಾತ್ರ ದೂರ ಇರಬೇಕು. ಎಲ್ಲೋ ಕೇಳಿದ ಹಾಗಿದೆ ಅನ್ನಿಸ್ತಾ? ನೆನಪಿಟ್ಕೊಳ್ಳಿ, ಭಾಗ 6ಕ್ಕೆ ಬೇಕು.

ಭಾಗ 3/6 👂
ಲ್ಯಾಟಿನ್‌ನಲ್ಲಿ ಟಿಂಪನಾನ್ 'ಟಿಂಪಾನಮ್' ಆಯ್ತು. ಇಲ್ಲಿಂದ ಪದ ವಾದ್ಯವನ್ನ ಬಿಟ್ಟು ಆಕಾರದ ಹಿಂದೆ ಓಡೋಕೆ ಶುರು ಮಾಡ್ತು. ಕ್ರಿ.ಪೂ. ಮೊದಲ ಶತಮಾನದ ರೋಮನ್ ವಾಸ್ತುಶಿಲ್ಪಿ ವಿಟ್ರುವಿಯಸ್ ತನ್ನ ಪುಸ್ತಕದಲ್ಲಿ ನೀರೆತ್ತುವ ದೊಡ್ಡ ಪೀಪಾಯಿಯಂಥ ಚಕ್ರಕ್ಕೂ ಟಿಂಪಾನಮ್ ಅಂತಾನೆ, ಗುಡಿಯ ಮುಂಭಾಗದ ಮೇಲಿರೋ ತ್ರಿಕೋನದ ಹಲಗೆಗೂ ಟಿಂಪಾನಮ್ ಅಂತಾನೆ. ಸುತ್ತ ಚೌಕಟ್ಟು, ನಡುವೆ ಬಿಗಿದ ಹಾಗಿರೋ ಬಯಲು ಜಾಗ. ಅಷ್ಟು ಹೋಲಿಕೆ ಸಾಕಾಯ್ತು. ಮುಂದೆ ಮಧ್ಯಯುಗದ ಚರ್ಚುಗಳ ಬಾಗಿಲ ಮೇಲಿನ ಅರ್ಧಚಂದ್ರಾಕಾರದ ಕೆತ್ತನೆಗೂ ಇದೇ ಹೆಸರು ನಿಂತಿತು. ಫ್ರಾನ್ಸ್‌ನ ಓತೂನ್, ಕೋಂಕ್ ಊರುಗಳ ಚರ್ಚ್ ಬಾಗಿಲಲ್ಲಿ ಅಂತಿಮ ತೀರ್ಪಿನ ದೃಶ್ಯ ಇರೋದು ಈ 'ತಮಟೆ'ಯ ಮೇಲೇ. ಹಳೇ ಕೈ ಅಚ್ಚುಯಂತ್ರದಲ್ಲಿ ಕಾಗದ ಇಡೋ, ಚರ್ಮ ಬಿಗಿದ ಚೌಕಟ್ಟಿಗೆ ಟಿಂಪನ್ ಅಂತಾರೆ. ವಾದ್ಯದ ದನಿಯ ಬಣ್ಣಕ್ಕೆ ಹೇಳೋ 'ಟಿಂಬರ್' ಪದವೂ ಫ್ರೆಂಚ್ ದಾರಿಯಲ್ಲಿ ಬಂದ ಇದೇ ಮನೆತನದ್ದು.
ಈಗ ಕಿವಿ. ಹದಿನಾರನೇ ಶತಮಾನದ ಇಟಲಿಯ ಅಂಗರಚನಾ ಪಂಡಿತ ಗೇಬ್ರಿಯೆಲೆ ಫಲ್ಲೋಪಿಯೊ (ಹೌದು, ಫೆಲೋಪಿಯನ್ ನಾಳದ ಅದೇ ಫಲ್ಲೋಪಿಯೊ) ಕಿವಿಯ ಒಳಭಾಗಕ್ಕೆ ಟಿಂಪಾನಮ್ ಅನ್ನೋ ಹೆಸರು ತಂದವನು. ಸೂಕ್ಷ್ಮ ಗಮನಿಸಿ: ಅಂಗರಚನಾ ಶಾಸ್ತ್ರದಲ್ಲಿ ಟಿಂಪಾನಮ್ ಅಂದ್ರೆ ಬರೀ ಪೊರೆಯಲ್ಲ, ಪೊರೆಯ ಹಿಂದಿನ ಗಾಳಿ ತುಂಬಿದ ಪುಟ್ಟ ಕೋಣೆ. ಅಂದ್ರೆ ಇಡೀ ವಾದ್ಯ. ಟಿಂಪ್ಯಾನಿಕ್ ಮೆಂಬ್ರೇನ್ ಅಂದ್ರೆ ಆ ವಾದ್ಯದ ತೊಗಲು.
ಆ ತೊಗಲು ಅಡ್ಡಳತೆಯಲ್ಲಿ ಸುಮಾರು 1 ಸೆಂ.ಮೀ., ದಪ್ಪ ಸುಮಾರು 0.1 ಮಿ.ಮೀ. ನಮ್ಮ ತಮಟೆಗೆ ಕೋಲು ಹೊರಗಿಂದ ಬೀಳುತ್ತೆ. ಕಿವಿಯಲ್ಲಿ ಸುತ್ತಿಗೆ ಮೂಳೆ ಒಳಗಡೆ ಅಂಟಿಕೊಂಡಿದೆ, ಹೊಡೆಯೋದು ಹೊರಗಿನ ಗಾಳಿ! ಇನ್ನೊಂದು ಮಜಾ: ನಾಲಿಗೆಯ ಮುಂಭಾಗದ ರುಚಿ ಹೊತ್ತೊಯ್ಯೋ ನರವೊಂದು ಈ ಕೋಣೆಯನ್ನ ಅಡ್ಡ ಹಾಯ್ದು ಹೋಗುತ್ತೆ. ಅದರ ಲ್ಯಾಟಿನ್ ಹೆಸರು 'ಕಾರ್ಡಾ ಟಿಂಪನಿ', ಅಂದ್ರೆ ಡೋಲಿನ ತಂತಿ. ನೀವು ತಿನ್ನೋ ಹೋಳಿಗೆಯ ಸಿಹಿ ಕಿವಿಯ ತಮಟೆ ಪಕ್ಕದಿಂದಲೇ ಮಿದುಳಿಗೆ ಹೋಗುತ್ತೆ.

ಭಾಗ 4/6 🐄
ಕಿವಿಗಿಂತ ಬಹಳ ಮುಂಚೆ ಈ ಹೋಲಿಕೆ ಹತ್ತಿದ್ದು ಹೊಟ್ಟೆಗೆ. ಕ್ರಿ.ಶ. ಮೊದಲ ಶತಮಾನದಲ್ಲಿ ಸೆಲ್ಸಸ್ ಅನ್ನೋ ರೋಮನ್ ಲೇಖಕ ಜಲೋದರದಂಥ ಊತಗಳನ್ನ ಮೂರು ಬಗೆ ಮಾಡ್ತಾನೆ, ಗ್ರೀಕರು ಇಟ್ಟ ಹೆಸರುಗಳನ್ನೂ ಕೊಡ್ತಾನೆ. ಅದರಲ್ಲಿ ಎರಡು ನೋಡಿ. 'ಟಿಂಪನೈಟಿಸ್': ಹೊಟ್ಟೆ ಬಿಗಿದು ಒಳಗೆ ಗಾಳಿ ಆಡೋದು. 'ಅಸೈಟಿಸ್': ಹೊಟ್ಟೆಯಲ್ಲಿ ನೀರು ತುಂಬೋದು. ಅಸೈಟಿಸ್ ಬಂದಿರೋದು 'ಅಸ್ಕೋಸ್' ಪದದಿಂದ, ಅಂದ್ರೆ ತೊಗಲ ಚೀಲ. ಎರಡೂ ತೊಗಲೇ. ಒಂದು ವಾದ್ಯ, ಇನ್ನೊಂದು ನೀರಿನ ಚೀಲ. ರೋಗಿಯ ಹೊಟ್ಟೆಯನ್ನ ನೋಡಿ, ಮುಟ್ಟಿ, ಕೇಳಿ ಇಟ್ಟ ಹೆಸರುಗಳಿವು. ಅಸೈಟಿಸ್ ಪದ ಇವತ್ತಿಗೂ ಆಸ್ಪತ್ರೆ ರಿಪೋರ್ಟ್‌ನಲ್ಲಿ ಬರುತ್ತೆ.
ಹಳ್ಳಿ ಕಡೆಯ ಫ್ರೆಂಡ್ಸ್‌ಗೆ ಇದನ್ನ ವಿವರಿಸೋದೇ ಬೇಡ. ಹಸಿ ಕುದುರೆ ಮೆಂತ್ಯವನ್ನೋ ಇನ್ಯಾವುದೋ ಎಳೆ ದ್ವಿದಳ ಮೇವನ್ನೋ ಹಸು ಒಮ್ಮೆಲೇ ಜಾಸ್ತಿ ತಿಂದ್ರೆ ಹೊಟ್ಟೆಯುಬ್ಬರ ಆಗುತ್ತೆ. ಪಶುವೈದ್ಯರ ಪುಸ್ತಕದಲ್ಲಿ ಅದರ ಹೆಸರು 'ರೂಮಿನಲ್ ಟಿಂಪನಿ'. ರೂಮೆನ್ ಅಂದ್ರೆ ಹಸುವಿನ ಮೊದಲ ದೊಡ್ಡ ಹೊಟ್ಟೆ, ಅದು ಎಡಗಡೆ ಇರುತ್ತೆ. ಅಲ್ಲಿ ಮೇವು ಹುದುಗಿ ಗಾಳಿ ಹುಟ್ಟೋದು ದಿನಾ ನಡೆಯೋ ಕೆಲಸ, ಹಸು ತೇಗಿ ಹೊರಗೆ ಹಾಕುತ್ತೆ. ಗಾಳಿ ನೊರೆಯಲ್ಲಿ ಸಿಕ್ಕಿಕೊಂಡ್ರೆ ತೇಗು ಬರಲ್ಲ. ಎಡಗಡೆ ಪಕ್ಕೆಯ ಹಿಂದಿನ ಗುಳಿ ತುಂಬಿ ಮೇಲೆದ್ದು ಬರುತ್ತೆ. ಬೆರಳಲ್ಲಿ ಬಡಿದರೆ ಡಮ್ ಅನ್ನುತ್ತೆ. ಉಬ್ಬಿದ ಹೊಟ್ಟೆ ಎದೆಯನ್ನ ಒತ್ತಿ ಉಸಿರು ಕಟ್ಟುತ್ತೆ, ಕೆಲವೇ ಗಂಟೆಗಳಲ್ಲಿ ಹಸು ಸಾಯಬಹುದು.
ಇಲ್ಲಿ 'ಟಿಂಪ್ಯಾನಿಕ್' ಅನ್ನೋದು ಅಲಂಕಾರದ ಮಾತಲ್ಲ. ಆ ಸದ್ದು ಕೇಳಿಸ್ತು ಅಂದ್ರೆ ತಕ್ಷಣ ಪಶುವೈದ್ಯರಿಗೆ ಫೋನ್ ಮಾಡ್ಬೇಕು. ಒಂದು ಮನೆಯ ಹಾಲಿನ ದುಡ್ಡು ಆ ಸದ್ದಿನ ಮೇಲೆ ನಿಂತಿರುತ್ತೆ.

ಭಾಗ 5/6 🩺
ಸದ್ದನ್ನ ವಿಜ್ಞಾನ ಮಾಡಿದವನು ಲಿಯೋಪೋಲ್ಡ್ ಔವೆನ್‌ಬ್ರುಗ್ಗರ್. ಹುಟ್ಟಿದ್ದು 1722ರಲ್ಲಿ, ಆಸ್ಟ್ರಿಯಾದ ಗ್ರಾಟ್ಸ್ ಊರಲ್ಲಿ. ಅಪ್ಪ ಹೋಟೆಲು, ಛತ್ರ ನಡೆಸ್ತಿದ್ದವರು. ಪೀಪಾಯಿಯಲ್ಲಿ ಎಷ್ಟು ದ್ರಾಕ್ಷಾರಸ ಉಳಿದಿದೆ ಅಂತ ಹೊರಗಿಂದ ತಟ್ಟಿ ನೋಡೋದನ್ನ ಹುಡುಗ ಅಲ್ಲೇ ಕಲಿತ ಅಂತ ಕಥೆ ಹೇಳ್ತಾರೆ. ಮುಂದೆ ವಿಯೆನ್ನಾದ ಸ್ಪ್ಯಾನಿಷ್ ಆಸ್ಪತ್ರೆಯಲ್ಲಿ ವೈದ್ಯನಾದಾಗ ರೋಗಿಗಳ ಎದೆಯನ್ನ ಬೆರಳ ತುದಿಯಲ್ಲಿ ತಟ್ಟೋಕೆ ಶುರು ಮಾಡಿದ.
1761ರಲ್ಲಿ ಲ್ಯಾಟಿನ್‌ನಲ್ಲಿ ಒಂದು ಪುಟ್ಟ ಪುಸ್ತಕ ಬರೆದ, ನೂರು ಪುಟವೂ ಇಲ್ಲ. ಆರೋಗ್ಯವಂತನ ಎದೆ ತಟ್ಟಿದರೆ ದಪ್ಪ ಬಟ್ಟೆ ಹೊದಿಸಿದ ಡೋಲಿನ ಹಾಗೆ ಕೇಳುತ್ತೆ ಅಂತ ಅದರಲ್ಲಿ ಹೇಳ್ತಾನೆ. ನೀರು ತುಂಬಿದ ಜಾಗ ಮಂಕಾಗಿ ಕೇಳುತ್ತೆ. ಇದನ್ನ ಖಾತ್ರಿ ಮಾಡ್ಕೊಳ್ಳೋಕೆ ಶವಗಳ ಎದೆಗೆ ದ್ರವ ತುಂಬಿಸಿ, ಸದ್ದು ಬದಲಾಗೋ ಗಡಿಯನ್ನ ಹುಡುಕಿ ನೋಡಿದ. ಎಕ್ಸ್‌ರೇ ಬರೋಕೆ ಇನ್ನೂ ನೂರಮೂವತ್ತು ವರ್ಷಕ್ಕಿಂತ ಹೆಚ್ಚು ಬಾಕಿ ಇತ್ತು.
ವಿಯೆನ್ನಾದ ದೊಡ್ಡ ದೊಡ್ಡ ಗುರುಗಳು ಗಮನವೇ ಕೊಡಲಿಲ್ಲ. ಆಗಿನ ವೈದ್ಯರು ನಾಡಿ, ನಾಲಿಗೆ, ಮೂತ್ರ ನೋಡಿ, ರೋಗಿ ಹೇಳಿದ್ದು ಕೇಳಿ ಔಷಧಿ ಬರೀತಿದ್ರು. ಮೈಯನ್ನ ಪೀಪಾಯಿ ಥರ ಬಡಿಯೋದು ಅವರ ಪದ್ಧತಿಯಲ್ಲೇ ಇರಲಿಲ್ಲ. 47 ವರ್ಷ ಆದ್ಮೇಲೆ, 1808ರಲ್ಲಿ, ನೆಪೋಲಿಯನ್ನನ ವೈದ್ಯ ಕೊರ್ವಿಸಾರ್ ಆ ಪುಸ್ತಕವನ್ನ ಫ್ರೆಂಚ್‌ಗೆ ತಂದ. ತನ್ನದೇ ಶೋಧ ಅಂತ ಹೇಳಿಕೊಳ್ಳಬಹುದಿತ್ತು, ಹೇಳ್ಕೊಳ್ಳಲಿಲ್ಲ. ಮೂಲ ಲೇಖಕನ ಹೆಸರನ್ನೇ ಎತ್ತಿ ಹಿಡಿದ. ಮಾರನೇ ವರ್ಷ ಔವೆನ್‌ಬ್ರುಗ್ಗರ್ ತೀರಿಕೊಂಡ. ಕೊರ್ವಿಸಾರ್ ಶಿಷ್ಯ ಲೆನೆಕ್ 1816ರಲ್ಲಿ ಸ್ಟೆತಾಸ್ಕೋಪ್ ಕಂಡುಹಿಡಿದ. 1839ರಲ್ಲಿ ವಿಯೆನ್ನಾದಲ್ಲೇ ಯೋಸೆಫ್ ಸ್ಕೋಡಾ ಈ ಸದ್ದುಗಳನ್ನ ಜೋಡಿ ಜೋಡಿಯಾಗಿ ವಿಂಗಡಿಸಿದ, ಅದರಲ್ಲಿ ಒಂದು ಜೋಡಿ 'ಟಿಂಪನಿಟಿಕ್' ಮತ್ತು 'ಅಲ್ಲದ್ದು'.
ಮುಂದಿನ ಸಲ ಡಾಕ್ಟರ್ ನಿಮ್ಮ ಹೊಟ್ಟೆಯ ಮೇಲೆ ಒಂದು ಬೆರಳಿಟ್ಟು ಇನ್ನೊಂದು ಬೆರಳಿಂದ ತಟ್ಟಿದಾಗ ಕಿವಿಗೊಟ್ಟು ಕೇಳಿ. ಯಕೃತ್ತಿನ ಮೇಲೆ ಮಂಕು, ಗಾಳಿ ತುಂಬಿದ ಜಠರದ ಮೇಲೆ ತಮಟೆ.

ಭಾಗ 6/6 🔥
ಈಗ ನಮ್ಮ ತಮಟೆ. ದುಂಡು ಚೌಕಟ್ಟು, ಒಂದೇ ಕಡೆ ತೊಗಲು, ಎರಡು ಕೋಲು. ಬಾರಿಸೋಕೆ ಮುಂಚೆ ಬೆಂಕಿಗೆ ಹಿಡಿದು ಕಾಯಿಸ್ತಾರೆ, ತೊಗಲು ಬಿಗಿಯಾದ್ರೇನೇ ದನಿ ಏಳೋದು. ಉತ್ತರ ಕರ್ನಾಟಕದಲ್ಲಿ ಹಲಗೆ ಅಂತಾರೆ. ಗ್ರೀಕರ ಟಿಂಪನಾನ್ ಪಕ್ಕ ಇಟ್ಟರೆ ಅಕ್ಕ ತಂಗಿ ಥರ ಕಾಣುತ್ತೆ.
ಊರಮ್ಮನ ಜಾತ್ರೆಗೆ ತಮಟೆ ಬೇಕು. ಸಾವಿಗೆ ಬೇಕು. ಡಂಗುರ ಸಾರೋಕೆ ಬೇಕಿತ್ತು. ಬಾರಿಸಿದವರು ಬಹುಪಾಲು ದಲಿತರು. ಅನೇಕ ಊರುಗಳಲ್ಲಿ ಅದು ಅವರು ಆರಿಸಿಕೊಂಡ ಕಲೆಯಲ್ಲ, ಬಿಟ್ಟಿ ಚಾಕರಿ. ದೇವಿಯ ಮುಂದೆ ಬಾರಿಸಿದ ಕೈಗೆ ಗುಡಿಯ ಒಳಗೆ ಜಾಗ ಇರಲಿಲ್ಲ. ಇನ್ನು ಮುಂದೆ ಬಾರಿಸಲ್ಲ ಅಂತ ತಮಟೆ ಕೆಳಗಿಟ್ಟವರೂ ಇದ್ದಾರೆ, ಅದನ್ನೇ ಹೋರಾಟದ ಮೆರವಣಿಗೆಯಲ್ಲಿ ಎತ್ತಿ ಹಿಡಿದವರೂ ಇದ್ದಾರೆ. ಎರಡೂ ಸ್ವಾಭಿಮಾನವೇ.
ಈಗ ಎರಡು ಪದ ಅಕ್ಕಪಕ್ಕ ಇಟ್ಟು ನೋಡಿ. ತಮಿಳಿನ 'ಪರೈ' ಕೂಡ ಇಂಥದ್ದೇ ಚರ್ಮವಾದ್ಯ. ಅದನ್ನ ಬಾರಿಸುವ ಸಮುದಾಯದ ಹೆಸರಿನಿಂದ ಇಂಗ್ಲಿಷ್‌ಗೆ 'ಪರಾಯಾ' ಅನ್ನೋ ಪದ ಹೋಯ್ತು. ಅರ್ಥ: ಸಮಾಜದಿಂದ ಹೊರಗಿಟ್ಟವನು. ಗ್ರೀಕ್ ವಾದ್ಯದಿಂದ 'ಟಿಂಪ್ಯಾನಿಕ್' ಹೋಯ್ತು. ಎರಡೂ ಬಿಗಿದ ತೊಗಲಿನಿಂದ ಹುಟ್ಟಿದ ಪದಗಳು. ಒಂದನ್ನ ಪರೀಕ್ಷೆಯಲ್ಲಿ ಬರೆದು ಮಾರ್ಕ್ಸ್ ತಗೋತೀವಿ, ಇನ್ನೊಂದು ಬೈಗುಳ ಆಗಿ ಉಳಿದಿದೆ. ವಾದ್ಯದಲ್ಲಿ ಅಷ್ಟೇನೂ ವ್ಯತ್ಯಾಸ ಇಲ್ಲ. ವ್ಯತ್ಯಾಸ ಇರೋದು ಯಾರ ಬಾಯಲ್ಲಿ, ಯಾರ ಬಗ್ಗೆ ಆ ಪದ ಓಡಾಡ್ತು ಅನ್ನೋದರಲ್ಲಿ.
ಅದಕ್ಕೇ ನನಗೆ 'ಕಿವಿ ತಮಟೆ' ಅನ್ನೋ ಮಾತು ಇಷ್ಟ. ಹಿಂದಿಯವರು 'ಕಾನ್ ಕಾ ಪರ್ದಾ' ಅಂತಾರೆ, ಕಿವಿಯ ಪರದೆ. ಸಂಸ್ಕೃತದಿಂದ ಬಂದ 'ಕರ್ಣಪಟಲ'ವೂ ಪರದೆಯೇ. ಆದ್ರೆ ಕನ್ನಡ ಊರ ಹೊರಗೆ ನಿಲ್ಲಿಸಿದ ವಾದ್ಯವನ್ನ ಎಲ್ಲರ ತಲೆಯೊಳಗೆ ತಂದು ಕೂರಿಸಿತು. ಯಾವ ಜಾತಿಯವರು ಏನು ಕೇಳಿಸಿಕೊಂಡ್ರೂ, ವೀಣೆಯಾಗಲಿ ಮಂತ್ರವಾಗಲಿ, ಮೊದಲು ಮಿಡಿಯೋದು ಆ ತಮಟೆಯೇ.
2023ರಲ್ಲಿ ಚಿಕ್ಕಬಳ್ಳಾಪುರ ಜಿಲ್ಲೆ ಪಿಂಡಿಪಾಪನಹಳ್ಳಿಯ ತಮಟೆ ಕಲಾವಿದ ಮುನಿವೆಂಕಟಪ್ಪ ಅವರಿಗೆ ಪದ್ಮಶ್ರೀ ಬಂತು. ಸಂತೋಷದ ವಿಷಯ. ಆದ್ರೆ ಪ್ರಶ್ನೆ ಮುಗಿದಿಲ್ಲ. ನಿಮ್ಮೂರ ಜಾತ್ರೆಯಲ್ಲಿ ಈ ವರ್ಷ ತಮಟೆ ಬಾರಿಸಿದವರ ಹೆಸರು ನಿಮಗೆ ಗೊತ್ತಾ? ಅವರಿಗೆ ಊಟ ಎಲ್ಲಿ ಹಾಕಿದ್ರು?
ಕೇಳಿ ನೋಡಿ. ಉತ್ತರ ಸಿಕ್ಕಿದ್ರೆ ಕೆಳಗೆ ಬರೀರಿ. ಪರೀಕ್ಷೆಯಲ್ಲಿ ಟಿಂಪ್ಯಾನಿಕ್ ಮೆಂಬ್ರೇನ್ ಅಂತ ಬರೆಯುವಾಗ ಪಕ್ಕದಲ್ಲಿ 'ಕಿವಿ ತಮಟೆ' ಅಂತಲೂ ಬರೀರಿ, ಮಾರ್ಕ್ಸ್ ಏನೂ ಕಮ್ಮಿ ಆಗಲ್ಲ.

#ಪದದಕಥೆ #ತಮಟೆ #ಇತಿಹಾಸ #ಕನ್ನಡ