ಲಿನಕ್ಸ್‌ನಲ್ಲಿ ಶೂಟರ್ ಆಟಗಳು

ಲಿನಕ್ಸ್ ಕಾರ್ಯಾಚರಣಾ ವ್ಯವಸ್ಥೆಯಿರುವ ಗಣಕಯಂತ್ರಗಳಲ್ಲಿ ಶೂಟರ್ ಆಟಗಳನ್ನು, ಎಂದರೆ ಗುರಿಯಿಟ್ಟು ಗುಂಡು ಹಾರಿಸುವ ವಿಡಿಯೊ ಆಟಗಳನ್ನು, 1994ರಿಂದಲೂ ಆಡಲಾಗುತ್ತಿದೆ. ಇಂತಹ ಬಹುಪಾಲು ಆಟಗಳು ಮೈಕ್ರೋಸಾಫ್ಟ್ ಸಂಸ್ಥೆಯ ವಿಂಡೋಸ್ ವ್ಯವಸ್ಥೆಗಾಗಿಯೇ ಸಿದ್ಧವಾಗುತ್ತವೆ. ಲಿನಕ್ಸ್‌ಗೆ ತಯಾರಕರ ಬೆಂಬಲ ಸೀಮಿತವಾಗಿದೆ. ವೈನ್ ಮತ್ತು ಪ್ರೋಟಾನ್ ಎಂಬ ತಂತ್ರಾಂಶಗಳ ನೆರವಿನಿಂದ ವಿಂಡೋಸ್‌ನ ಅನೇಕ ಆಟಗಳು ಇಂದು ಲಿನಕ್ಸ್‌ನಲ್ಲಿಯೂ ನಡೆಯುತ್ತವೆ. ಆದರೂ ಅಂತರಜಾಲದಲ್ಲಿ ಹಲವರು ಕೂಡಿ ಆಡುವ ಕೆಲವು ಅತಿ ಜನಪ್ರಿಯ ಆಟಗಳು ಲಿನಕ್ಸ್ ಬಳಕೆದಾರರಿಗೆ ದೊರೆಯುವುದಿಲ್ಲ. ಇದಕ್ಕೆ ಮುಖ್ಯ ಕಾರಣ ಚಿತ್ರಪ್ರದರ್ಶನದ ತೊಡಕಲ್ಲ. ಆಟದಲ್ಲಿ ಮೋಸವನ್ನು ತಡೆಯುವ ತಂತ್ರಾಂಶಗಳು ಮತ್ತು ಅವುಗಳ ಬಗ್ಗೆ ತಯಾರಕರು ಕೈಗೊಳ್ಳುವ ನಿರ್ಧಾರಗಳು.

ಹಿನ್ನೆಲೆ

ಲಿನಕ್ಸ್ ಎಂಬುದು ಲಿನಸ್ ಟೊರ್ವಾಲ್ಡ್ಸ್ ಅವರು 1991ರಲ್ಲಿ ಆರಂಭಿಸಿದ ಕರ್ನಲ್. ಕರ್ನಲ್ ಎಂದರೆ ಯಂತ್ರಾಂಶಕ್ಕೂ ಇತರ ತಂತ್ರಾಂಶಗಳಿಗೂ ನಡುವೆ ನಿಂತು ಕೆಲಸ ಮಾಡಿಸುವ ತಿರುಳು ಭಾಗ. ಇದನ್ನು ಆಧರಿಸಿದ ಉಬುಂಟು, ಡೆಬಿಯನ್, ಫೆಡೋರ, ಲಿನಕ್ಸ್ ಮಿಂಟ್ ಮೊದಲಾದ ವ್ಯವಸ್ಥೆಗಳು ಉಚಿತವಾಗಿ ದೊರೆಯುತ್ತವೆ. ಅವುಗಳ ಆಕರ ಸಂಕೇತವನ್ನು ಯಾರು ಬೇಕಾದರೂ ಓದಬಹುದು, ಬದಲಾಯಿಸಬಹುದು, ಹಂಚಬಹುದು.

ಮೊಬೈಲ್ ಫೋನುಗಳಲ್ಲಿರುವ ಆಂಡ್ರಾಯ್ಡ್ ಕೂಡ ಲಿನಕ್ಸ್ ಕರ್ನಲ್ ಮೇಲೆಯೇ ನಿಂತಿದೆ. ಆದರೆ ಆಂಡ್ರಾಯ್ಡ್‌ಗಾಗಿ ರಚಿಸಿದ ಆಟಗಳು ಲಿನಕ್ಸ್ ಗಣಕಯಂತ್ರಗಳಲ್ಲಿ ನೇರವಾಗಿ ನಡೆಯುವುದಿಲ್ಲ. ಈ ಲೇಖನದಲ್ಲಿ ಲಿನಕ್ಸ್ ಎಂದರೆ ಮೇಜಿನ ಗಣಕಯಂತ್ರ ಹಾಗೂ ಲ್ಯಾಪ್‌ಟಾಪ್‌ಗಳಲ್ಲಿ ಬಳಸುವ ವ್ಯವಸ್ಥೆ ಎಂದೇ ಗ್ರಹಿಸಬೇಕು.

ಇತಿಹಾಸ

ಶೂಟರ್ ಆಟಗಳಿಗೂ ಲಿನಕ್ಸ್‌ಗೂ ಇರುವ ನಂಟು ಹಳೆಯದು. ಅಮೆರಿಕದ ಇಡ್ ಸಾಫ್ಟ್‌ವೇರ್ ಸಂಸ್ಥೆಯು 1993ರ ಡಿಸೆಂಬರಿನಲ್ಲಿ ಹೊರತಂದ 'ಡೂಮ್' ಆಟದ ಲಿನಕ್ಸ್ ಆವೃತ್ತಿಯು ಮರುವರ್ಷವೇ ಸಿದ್ಧವಾಯಿತು. 1997ರ ಡಿಸೆಂಬರಿನಲ್ಲಿ ಈ ಸಂಸ್ಥೆಯು ಡೂಮ್‌ನ ಆಕರ ಸಂಕೇತವನ್ನು ಸಾರ್ವಜನಿಕರಿಗೆ ಬಿಡುಗಡೆ ಮಾಡಿತು. ಡಾಸ್ ಆವೃತ್ತಿಯಲ್ಲಿದ್ದ ಧ್ವನಿ ತಂತ್ರಾಂಶದ ಹಕ್ಕು ಬೇರೆಯವರದಾಗಿದ್ದುದರಿಂದ ಬಿಡುಗಡೆಯಾದದ್ದು ಲಿನಕ್ಸ್ ಆವೃತ್ತಿಯ ಸಂಕೇತ.

1998ರಲ್ಲಿ ಸ್ಥಾಪನೆಯಾದ ಲೋಕಿ ಸಾಫ್ಟ್‌ವೇರ್ ಎಂಬ ಸಂಸ್ಥೆಯು ವಿಂಡೋಸ್ ಆಟಗಳನ್ನು ಲಿನಕ್ಸ್‌ಗೆ ಅಳವಡಿಸಿ ಮಾರುವುದನ್ನೇ ಉದ್ಯಮವಾಗಿ ಮಾಡಿಕೊಂಡಿತು. 'ಕ್ವೇಕ್ 3 ಅರೀನಾ' ಅದು ಮಾರಿದ ಆಟಗಳಲ್ಲಿ ಒಂದು. ಸಾಕಷ್ಟು ಕೊಳ್ಳುಗರು ದೊರೆಯದೆ 2002ರ ಆರಂಭದಲ್ಲಿ ಸಂಸ್ಥೆಯು ಮುಚ್ಚಿತು. ಆ ಬಳಿಕ ಸುಮಾರು ಹತ್ತು ವರ್ಷಗಳ ಕಾಲ ದೊಡ್ಡ ತಯಾರಕರಲ್ಲಿ ಹೆಚ್ಚಿನವರು ಲಿನಕ್ಸ್ ಕಡೆ ಗಮನ ಹರಿಸಲಿಲ್ಲ.

ವಾಲ್ವ್ ಸಂಸ್ಥೆಯು ತನ್ನ 'ಸ್ಟೀಮ್' ಎಂಬ ಆಟಗಳ ಮಳಿಗೆಯನ್ನು 2013ರ ಫೆಬ್ರವರಿಯಲ್ಲಿ ಲಿನಕ್ಸ್‌ಗೂ ತೆರೆದಾಗ ಪರಿಸ್ಥಿತಿ ಬದಲಾಯಿತು. ಸೈಬರ್ ಕೆಫೆಗಳ ಕಾಲದಿಂದ ಹೆಸರಾಗಿದ್ದ 'ಕೌಂಟರ್-ಸ್ಟ್ರೈಕ್' ಆಟವೂ ಅದೇ ವರ್ಷ ಲಿನಕ್ಸ್‌ಗೆ ಬಂದಿತು. ಅದರ ಮುಂದಿನ ಆವೃತ್ತಿಯಾದ 'ಗ್ಲೋಬಲ್ ಅಫೆನ್ಸಿವ್' 2014ರಲ್ಲಿ ಬಂದಿತು. 2023ರ ಸೆಪ್ಟೆಂಬರಿನಲ್ಲಿ 'ಕೌಂಟರ್-ಸ್ಟ್ರೈಕ್ 2' ವಿಂಡೋಸ್ ಮತ್ತು ಲಿನಕ್ಸ್ ಎರಡರಲ್ಲಿಯೂ ಬಿಡುಗಡೆಯಾಯಿತು.

ಕಾರ್ಯವಿಧಾನ

ವಿಂಡೋಸ್‌ಗಾಗಿ ಬರೆದ ಆಟವು ಹೆಜ್ಜೆಹೆಜ್ಜೆಗೂ ವಿಂಡೋಸ್‌ನ ಸೇವೆಗಳನ್ನು ಕೇಳುತ್ತದೆ. ಕಡತ ತೆರೆಯಲು, ಧ್ವನಿ ಹೊರಡಿಸಲು, ಡೈರೆಕ್ಟ್‌ಎಕ್ಸ್ ಮೂಲಕ ಚಿತ್ರ ಬಿಡಿಸಲು ಅದಕ್ಕೆ ಆ ಸೇವೆಗಳು ಬೇಕು. 1993ರಲ್ಲಿ ಆರಂಭವಾದ 'ವೈನ್' ತಂತ್ರಾಂಶವು ದುಭಾಷಿಯಂತೆ ನಡುವೆ ನಿಂತು ಈ ಕೇಳಿಕೆಗಳನ್ನು ಲಿನಕ್ಸ್‌ಗೆ ತಿಳಿಯುವ ಕೇಳಿಕೆಗಳಾಗಿ ಮಾರ್ಪಡಿಸುತ್ತದೆ. ಇದು ಇಡೀ ವಿಂಡೋಸ್ ಗಣಕಯಂತ್ರವನ್ನು ಅನುಕರಿಸುವುದಿಲ್ಲವಾದ್ದರಿಂದ ವೇಗದಲ್ಲಿ ಹೆಚ್ಚಿನ ನಷ್ಟವಾಗುವುದಿಲ್ಲ.

ವಾಲ್ವ್ ಸಂಸ್ಥೆಯು ಕೋಡ್‌ವೀವರ್ಸ್ ಸಂಸ್ಥೆಯ ಸಹಯೋಗದಲ್ಲಿ 2018ರ ಆಗಸ್ಟಿನಲ್ಲಿ ಹೊರತಂದ 'ಪ್ರೋಟಾನ್' ವೈನ್ ಅನ್ನೇ ಆಧರಿಸಿದೆ. ಡೈರೆಕ್ಟ್‌ಎಕ್ಸ್‌ನ ಚಿತ್ರಾಜ್ಞೆಗಳನ್ನು 'ವಲ್ಕನ್' ಎಂಬ ಮುಕ್ತ ಮಾನದಂಡಕ್ಕೆ ಪರಿವರ್ತಿಸುವ 'ಡಿಎಕ್ಸ್‌ವಿಕೆ' ಮೊದಲಾದ ಭಾಗಗಳು ಇದರೊಂದಿಗೆ ಸೇರಿವೆ. ಇದು ಸ್ಟೀಮ್‌ನೊಳಗೇ ಅಡಕವಾಗಿರುವುದರಿಂದ ಬಳಕೆದಾರರು ಪ್ರತ್ಯೇಕವಾಗಿ ಏನನ್ನೂ ಜೋಡಿಸಬೇಕಾಗಿಲ್ಲ. ವಾಲ್ವ್ ಸಂಸ್ಥೆಯು 2022ರಲ್ಲಿ ಬಿಡುಗಡೆ ಮಾಡಿದ 'ಸ್ಟೀಮ್ ಡೆಕ್' ಎಂಬ ಕೈಗಣಕದಲ್ಲಿಯೂ ಲಿನಕ್ಸ್ ಮತ್ತು ಪ್ರೋಟಾನ್‌ಗಳೇ ಇವೆ. ಒಬ್ಬರೇ ಆಡುವ ಶೂಟರ್ ಆಟಗಳಲ್ಲಿ ಹೆಚ್ಚಿನವು ಈಗ ಲಿನಕ್ಸ್‌ನಲ್ಲಿ ತೊಡಕಿಲ್ಲದೆ ನಡೆಯುತ್ತವೆ.

ಮೋಸತಡೆ ತಂತ್ರಾಂಶದ ಸಮಸ್ಯೆ

ಹಲವರು ಕೂಡಿ ಆಡುವ ಆಟಗಳಲ್ಲಿ ಗೋಡೆಯಾಚೆಗಿನ ಎದುರಾಳಿಯನ್ನು ಕಾಣಿಸುವ ಅಥವಾ ತಾನಾಗಿಯೇ ಗುರಿಯಿಡುವ ಕಳ್ಳ ತಂತ್ರಾಂಶಗಳ ಬಳಕೆಯಿದೆ. ಇವುಗಳನ್ನು ಪತ್ತೆಹಚ್ಚಲು ಆಂಟಿ-ಚೀಟ್ ಎಂದು ಕರೆಯುವ ಮೋಸತಡೆ ತಂತ್ರಾಂಶಗಳನ್ನು ತಯಾರಕರು ಅಳವಡಿಸುತ್ತಾರೆ. ಇವುಗಳಲ್ಲಿ ಎರಡು ಬಗೆಗಳಿವೆ. ಮೊದಲನೆಯ ಬಗೆಯವು ಇತರ ಸಾಮಾನ್ಯ ತಂತ್ರಾಂಶಗಳ ಮಟ್ಟದಲ್ಲಿಯೇ ಕೆಲಸ ಮಾಡುತ್ತವೆ. ವಾಲ್ವ್ ಸಂಸ್ಥೆಯ 'ವ್ಯಾಕ್' ಇದಕ್ಕೆ ಉದಾಹರಣೆ. ಎರಡನೆಯ ಬಗೆಯವು ಕರ್ನಲ್ ಮಟ್ಟಕ್ಕೇ ಇಳಿದು ಇಡೀ ಗಣಕಯಂತ್ರದ ಮೇಲೆ ಕಣ್ಣಿಡುತ್ತವೆ. ರಯಟ್ ಗೇಮ್ಸ್ ಸಂಸ್ಥೆಯು 2020ರಲ್ಲಿ 'ವ್ಯಾಲರಂಟ್' ಆಟದೊಂದಿಗೆ ತಂದ 'ವ್ಯಾನ್‌ಗಾರ್ಡ್' ವಿಂಡೋಸ್ ಆರಂಭವಾಗುವಾಗಲೇ ಎಚ್ಚೆತ್ತುಕೊಳ್ಳುತ್ತದೆ.

ವಿಂಡೋಸ್ ಕರ್ನಲ್‌ಗಾಗಿ ಬರೆದ ಇಂತಹ ಭಾಗವನ್ನು ವೈನ್ ಅಥವಾ ಪ್ರೋಟಾನ್ ಮೂಲಕ ನಡೆಸಲು ಬರುವುದಿಲ್ಲ. ದುಭಾಷಿಯ ಕೆಲಸವು ಕರ್ನಲ್‌ನ ಹೊಸ್ತಿಲಲ್ಲಿಯೇ ನಿಲ್ಲುತ್ತದೆ.

'ಈಜಿ ಆಂಟಿ-ಚೀಟ್' ಮತ್ತು 'ಬ್ಯಾಟಲ್‌ಐ' ಎಂಬ ಎರಡು ವ್ಯಾಪಕ ಮೋಸತಡೆ ತಂತ್ರಾಂಶಗಳು 2021ರ ಸೆಪ್ಟೆಂಬರಿನಿಂದ ಪ್ರೋಟಾನ್‌ಗೆ ಬೆಂಬಲ ಒದಗಿಸಿವೆ. ಆದರೆ ಪ್ರತಿಯೊಂದು ಆಟದಲ್ಲಿಯೂ ಆ ಬೆಂಬಲವನ್ನು ತಯಾರಕರೇ ಸಕ್ರಿಯಗೊಳಿಸಬೇಕು. ಹೀಗಾಗಿ ಒಂದೇ ಮೋಸತಡೆ ತಂತ್ರಾಂಶವಿರುವ ಎರಡು ಆಟಗಳಲ್ಲಿ ಒಂದು ಲಿನಕ್ಸ್‌ನಲ್ಲಿ ನಡೆದು ಇನ್ನೊಂದು ನಡೆಯದಿರುವುದುಂಟು.

ಕೆಲವು ಪ್ರಮುಖ ಆಟಗಳ ಸ್ಥಿತಿ

- ಕೌಂಟರ್-ಸ್ಟ್ರೈಕ್ 2: ತಯಾರಕರೇ ಲಿನಕ್ಸ್ ಆವೃತ್ತಿಯನ್ನು ಒದಗಿಸಿದ್ದಾರೆ.
- ವ್ಯಾಲರಂಟ್: ವ್ಯಾನ್‌ಗಾರ್ಡ್ ಇರುವುದರಿಂದ ಲಿನಕ್ಸ್‌ನಲ್ಲಿ ನಡೆಯುವುದಿಲ್ಲ.
- ಫೋರ್ಟ್‌ನೈಟ್: ಈಜಿ ಆಂಟಿ-ಚೀಟ್‌ನ ಒಡೆತನ ಎಪಿಕ್ ಗೇಮ್ಸ್ ಸಂಸ್ಥೆಯದೇ ಆಗಿದ್ದರೂ ತನ್ನ ಈ ಆಟಕ್ಕೆ ಅದು ಲಿನಕ್ಸ್ ಬೆಂಬಲ ನೀಡಿಲ್ಲ.
- ಪಬ್‌ಜಿ: ಬ್ಯಾಟಲ್‌ಗ್ರೌಂಡ್ಸ್‌ (ಗಣಕಯಂತ್ರದ ಆವೃತ್ತಿ): ಬ್ಯಾಟಲ್‌ಐನ ಪ್ರೋಟಾನ್ ಬೆಂಬಲವನ್ನು ಸಕ್ರಿಯಗೊಳಿಸಿಲ್ಲ.
- ಏಪೆಕ್ಸ್ ಲೆಜೆಂಡ್ಸ್: 2022ರಿಂದ ಲಿನಕ್ಸ್‌ನಲ್ಲಿ ನಡೆಯುತ್ತಿತ್ತು. 2024ರ ಅಕ್ಟೋಬರ್ 31ರಂದು ತಯಾರಕರು ಪ್ರವೇಶವನ್ನು ನಿಲ್ಲಿಸಿದರು.
- ಬ್ಯಾಟಲ್‌ಫೀಲ್ಡ್ 6 (2025): ಕರ್ನಲ್ ಮಟ್ಟದ ಮೋಸತಡೆ ಇರುವುದರಿಂದ ನಡೆಯುವುದಿಲ್ಲ.

ಏಪೆಕ್ಸ್ ಲೆಜೆಂಡ್ಸ್ ಪ್ರಕರಣವು ಲಿನಕ್ಸ್ ಆಟಗಾರರ ಸ್ಥಿತಿಯನ್ನು ಸ್ಪಷ್ಟವಾಗಿ ತೋರಿಸುತ್ತದೆ. ಎರಡೂವರೆ ವರ್ಷ ನಡೆದ ಆಟವನ್ನು ನಿಲ್ಲಿಸಿದ್ದು ತಾಂತ್ರಿಕ ಅಸಾಧ್ಯತೆಯಿಂದಲ್ಲ, ಆಡಳಿತಾತ್ಮಕ ನಿರ್ಧಾರದಿಂದ. ಹಣ ಕೊಟ್ಟು ಆಟದೊಳಗಿನ ವಸ್ತುಗಳನ್ನು ಕೊಂಡಿದ್ದವರ ಖಾತೆ ಉಳಿಯಿತು; ಆದರೆ ಅದನ್ನು ಬಳಸಲು ಬೇರೆ ವ್ಯವಸ್ಥೆಯ ಯಂತ್ರ ಬೇಕಾಯಿತು.

ಕನ್ನಡನಾಡಿನ ಸಂದರ್ಭ

ಬೆಂಗಳೂರಿನಲ್ಲಿ 2001ರಿಂದ ನಡೆದ 'ಲಿನಕ್ಸ್ ಬೆಂಗಳೂರು' ಸಮ್ಮೇಳನವು 2005ರಲ್ಲಿ 'ಫಾಸ್.ಇನ್' ಎಂಬ ಹೆಸರು ಪಡೆಯಿತು. ಕೇರಳ ಸರ್ಕಾರದ 'ಐಟಿ ಅಟ್ ಸ್ಕೂಲ್' ಯೋಜನೆಯು ಶಾಲೆಗಳಲ್ಲಿ ಮುಕ್ತ ತಂತ್ರಾಂಶವನ್ನೇ ನೆಲೆಗೊಳಿಸಿತು. 2017ರಿಂದ 'ಕೈಟ್' ಎಂಬ ಸಂಸ್ಥೆಯು ಇದರ ಹೊಣೆ ಹೊತ್ತಿದೆ. ಹೀಗಾಗಿ ಕಾಸರಗೋಡು ಜಿಲ್ಲೆಯ ಕನ್ನಡ ಮಾಧ್ಯಮ ಶಾಲೆಗಳ ಮಕ್ಕಳು ಉಬುಂಟು ಆಧಾರಿತ ಲಿನಕ್ಸ್‌ನಲ್ಲಿಯೇ ಗಣಕಶಿಕ್ಷಣ ಪಡೆಯುತ್ತಾರೆ. ಕರ್ನಾಟಕದಲ್ಲಿಯೂ 2011ರ ಬಳಿಕ 'ವಿಷಯ ಶಿಕ್ಷಕರ ವೇದಿಕೆ' ಕಾರ್ಯಕ್ರಮದ ಮೂಲಕ ಸರ್ಕಾರಿ ಪ್ರೌಢಶಾಲೆಗಳ ಶಿಕ್ಷಕರಿಗೆ ಉಬುಂಟು ತರಬೇತಿ ನೀಡಲಾಯಿತು. ಶಾಲೆಯಲ್ಲಿ ಲಿನಕ್ಸ್ ಕಲಿತ ವಿದ್ಯಾರ್ಥಿಯು ಮನೆಯಲ್ಲಿ ಜನಪ್ರಿಯ ಆಟವೊಂದನ್ನು ಆಡಬಯಸಿದಾಗ ವಿಂಡೋಸ್‌ನತ್ತ ಹೊರಳಬೇಕಾಗುವುದು ಈ ವ್ಯವಸ್ಥೆಯ ಒಂದು ಮಿತಿ.

ಭಾರತದಲ್ಲಿ ಶೂಟರ್ ಆಟಗಳು ಹೆಚ್ಚಾಗಿ ಮೊಬೈಲ್ ಫೋನಿನಲ್ಲಿ ಬಳಕೆಯಲ್ಲಿವೆ. ಅಲ್ಲಿಯೂ ಆಟದ ಲಭ್ಯತೆ ಆಟಗಾರರ ಕೈಯಲ್ಲಿಲ್ಲ. 'ಪಬ್‌ಜಿ ಮೊಬೈಲ್' ಆಟವನ್ನು ಕೇಂದ್ರ ಸರ್ಕಾರವು 2020ರ ಸೆಪ್ಟೆಂಬರ್ 2ರಂದು ನಿಷೇಧಿಸಿತು. ಅದರ ಸ್ಥಾನದಲ್ಲಿ 2021ರ ಜುಲೈನಲ್ಲಿ ಬಂದ 'ಬಿಜಿಎಂಐ' 2022ರ ಜುಲೈನಲ್ಲಿ ಆ್ಯಪ್ ಮಳಿಗೆಗಳಿಂದ ಮರೆಯಾಗಿ 2023ರ ಮೇ ತಿಂಗಳಲ್ಲಿ ಮರಳಿತು.

ಹಳೇಬೀಡಿನಂತಹ ಸಣ್ಣ ಊರುಗಳಲ್ಲಿ ಗಣಕಯಂತ್ರದ ಆಟಕ್ಕೆ ಗಾತ್ರವೂ ಒಂದು ಅಡ್ಡಿ. ಕೌಂಟರ್-ಸ್ಟ್ರೈಕ್ 2 ಆಟಕ್ಕೆ 85 ಜಿಬಿ ಸಂಗ್ರಹ ಸ್ಥಳವೂ 8 ಜಿಬಿ ಸ್ಮರಣಶಕ್ತಿಯೂ (ರ‍್ಯಾಮ್) ಬೇಕು. ದಿನಕ್ಕೆ 2 ಜಿಬಿ ಮಿತಿಯ ಮೊಬೈಲ್ ದತ್ತಾಂಶವನ್ನೇ ನೆಚ್ಚಿಕೊಂಡ ಮನೆಯಲ್ಲಿ ಇಂತಹ ಆಟವನ್ನು ಇಳಿಸಿಕೊಳ್ಳಲು ವಾರಗಳೇ ಹಿಡಿಯಬಹುದು.

ವಿಂಡೋಸ್ 10ಕ್ಕೆ ಮೈಕ್ರೋಸಾಫ್ಟ್ ನೀಡುತ್ತಿದ್ದ ಸಾಮಾನ್ಯ ಬೆಂಬಲವು 2025ರ ಅಕ್ಟೋಬರ್ 14ರಂದು ಕೊನೆಗೊಂಡಿತು. ವಿಂಡೋಸ್ 11ರ ಯಂತ್ರಾಂಶ ನಿಯಮಗಳಿಗೆ ಹೊಂದದ ಹಳೆಯ ಯಂತ್ರಗಳನ್ನು ಸುರಕ್ಷಿತವಾಗಿ ಮುಂದುವರಿಸಲು ಲಿನಕ್ಸ್ ಒಂದು ಉಚಿತ ದಾರಿ. ಹಳೆಯ ಯಂತ್ರವನ್ನೇ ಉಳಿಸಿಕೊಳ್ಳುವ ಕುಟುಂಬಗಳಿಗೆ ಯಾವ ಆಟ ನಡೆಯುತ್ತದೆ, ಯಾವುದು ನಡೆಯದು ಎಂಬ ಪ್ರಶ್ನೆ ಇದರಿಂದ ಇನ್ನಷ್ಟು ಪ್ರಸ್ತುತವಾಗಿದೆ.

ಮುಕ್ತ ಶೂಟರ್ ಆಟಗಳು

ಆಕರ ಸಂಕೇತವು ಮುಕ್ತವಾಗಿರುವ ಕೆಲವು ಶೂಟರ್ ಆಟಗಳು ಲಿನಕ್ಸ್‌ನಲ್ಲಿ ಯಾವ ದುಭಾಷಿಯೂ ಇಲ್ಲದೆ ನಡೆಯುತ್ತವೆ. ಕ್ವೇಕ್ 3ರ ಸಂಕೇತವು 2005ರಲ್ಲಿ ಮುಕ್ತವಾದ ಬೆನ್ನಲ್ಲೇ 'ಓಪನ್‌ಅರೀನಾ' ರೂಪುಗೊಂಡಿತು. 2006ರ 'ಅಸಾಲ್ಟ್‌ಕ್ಯೂಬ್' ತೀರ ಹಳೆಯ ಯಂತ್ರಗಳಲ್ಲಿಯೂ ನಡೆಯುವಷ್ಟು ಹಗುರವಾಗಿದೆ. 'ನೆಕ್ಸುಯಿಜ್' ಆಟದಿಂದ 2010ರಲ್ಲಿ ಕವಲೊಡೆದ 'ಝೊನೋಟಿಕ್' ವೇಗದ ಆಟಕ್ಕೆ ಹೆಸರಾಗಿದ್ದು, ಅದರ ಗಾತ್ರ ಸುಮಾರು 1 ಜಿಬಿ. ಇವುಗಳಿಗೆ ಅಂತರಜಾಲವೂ ಅನಿವಾರ್ಯವಲ್ಲ. ಒಂದೇ ಕೊಠಡಿಯ ಗಣಕಯಂತ್ರಗಳನ್ನು ಸ್ಥಳೀಯ ಜಾಲದಿಂದ ಜೋಡಿಸಿ ಆಡಬಹುದು. ಜೊತೆಗಾರರಿಲ್ಲದಿದ್ದರೆ ಗಣಕವೇ ನಡೆಸುವ ಎದುರಾಳಿಗಳೊಂದಿಗೆ ಆಡಬಹುದು. ಆಡುವವರ ಸಂಖ್ಯೆ ಕಡಿಮೆಯಿರುವುದು ಇವುಗಳ ಕೊರತೆ.

ಲಭ್ಯವಿರುವ ಮಾರ್ಗಗಳು

ಲಿನಕ್ಸ್ ಬಳಕೆದಾರರು ಆಟವನ್ನು ಕೊಳ್ಳುವ ಮೊದಲು ಅದರ ಸ್ಥಿತಿಯನ್ನು ಪರಿಶೀಲಿಸಲು 'ಪ್ರೋಟಾನ್‌ಡಿಬಿ' ಮತ್ತು 'ಆರ್ ವಿ ಆಂಟಿ-ಚೀಟ್ ಯೆಟ್' ಎಂಬ ಜಾಲತಾಣಗಳಿವೆ. ಮೊದಲನೆಯದರಲ್ಲಿ ಆಟಗಾರರ ಅನುಭವಗಳೂ ಎರಡನೆಯದರಲ್ಲಿ ಮೋಸತಡೆ ಬೆಂಬಲದ ವಿವರಗಳೂ ದೊರೆಯುತ್ತವೆ. ನಡೆಯದ ಆಟಗಳಿಗಾಗಿ ಕೆಲವರು ಒಂದೇ ಯಂತ್ರದಲ್ಲಿ ವಿಂಡೋಸ್ ಮತ್ತು ಲಿನಕ್ಸ್ ಎರಡನ್ನೂ ಇರಿಸಿಕೊಂಡು ಬೇಕಾದುದನ್ನು ಆರಂಭಿಸುತ್ತಾರೆ. ದೂರದ ಸರ್ವರ್‌ನಲ್ಲಿ ನಡೆಯುವ ಆಟದ ದೃಶ್ಯವನ್ನಷ್ಟೇ ಪಡೆಯುವ ಕ್ಲೌಡ್ ಸೇವೆಗಳೂ ಇವೆ. ಅವುಗಳಿಗೆ ವೇಗವಾದ, ಅಡೆತಡೆಯಿಲ್ಲದ ಅಂತರಜಾಲ ಬೇಕು. ಮೋಸತಡೆಯ ಕಣ್ಣು ತಪ್ಪಿಸಿ ಆಡಲು ಯತ್ನಿಸಿದರೆ ಖಾತೆಯೇ ಶಾಶ್ವತವಾಗಿ ರದ್ದಾಗುವ ಅಪಾಯವಿದೆ.

ವಾದ-ಪ್ರತಿವಾದಗಳು

ಲಿನಕ್ಸ್ ಕರ್ನಲ್ ಅನ್ನು ಬಳಕೆದಾರರೇ ಬದಲಾಯಿಸಬಹುದಾದ್ದರಿಂದ ಅಲ್ಲಿ ಮೋಸವನ್ನು ಪತ್ತೆಹಚ್ಚುವುದು ಕಷ್ಟ ಎಂಬುದು ತಯಾರಕರ ವಾದ. ಬಳಕೆದಾರರ ಸಂಖ್ಯೆ ಕಡಿಮೆ ಎಂಬ ಕಾರಣವನ್ನೂ ಅವರು ಮುಂದಿಡುತ್ತಾರೆ. ಸ್ಟೀಮ್‌ನ ಮಾಸಿಕ ಸಮೀಕ್ಷೆಯಲ್ಲಿ ಲಿನಕ್ಸ್ ಪಾಲು ಶೇಕಡಾ 3ನ್ನು ದಾಟಿದ್ದು 2025ರ ಅಕ್ಟೋಬರಿನಲ್ಲಿ.

ಒಂದು ಆಟಕ್ಕಾಗಿ ಇಡೀ ಗಣಕಯಂತ್ರದ ಒಳಗನ್ನು ಹೊರಗಿನ ಸಂಸ್ಥೆಯೊಂದಕ್ಕೆ ತೆರೆದಿಡುವುದು ಖಾಸಗಿತನ ಮತ್ತು ಭದ್ರತೆಯ ದೃಷ್ಟಿಯಿಂದ ಸರಿಯಲ್ಲ ಎಂಬುದು ಮುಕ್ತ ತಂತ್ರಾಂಶ ಬೆಂಬಲಿಗರ ಪ್ರತಿವಾದ. ಕರ್ನಲ್ ಮಟ್ಟದ ಕಾವಲಿದ್ದರೂ ವಿಂಡೋಸ್‌ನಲ್ಲಿ ಮೋಸ ಪೂರ್ಣವಾಗಿ ನಿಂತಿಲ್ಲವೆಂದೂ, ಆಟಗಾರರ ವರ್ತನೆಯನ್ನು ಸರ್ವರ್‌ನಲ್ಲಿಯೇ ಪರಿಶೀಲಿಸುವ ಕ್ರಮಕ್ಕೆ ಒತ್ತು ಕೊಡಬೇಕೆಂದೂ ಅವರು ಹೇಳುತ್ತಾರೆ. ಮೋಸವಿಲ್ಲದ ಆಟದ ಅಪೇಕ್ಷೆ ಎರಡೂ ಪಕ್ಷಗಳಿಗೆ ಸಮಾನವಾದುದು. ಅದಕ್ಕಾಗಿ ಯಂತ್ರದ ಮೇಲಿನ ಅಧಿಕಾರವನ್ನು ಅದರ ಒಡೆಯರು ಎಷ್ಟರಮಟ್ಟಿಗೆ ಬಿಟ್ಟುಕೊಡಬೇಕು ಎಂಬುದರಲ್ಲಿ ಭಿನ್ನಾಭಿಪ್ರಾಯವಿದೆ.

ಇವನ್ನೂ ನೋಡಿ

- ಲಿನಕ್ಸ್
- ಮುಕ್ತ ತಂತ್ರಾಂಶ
- ಉಬುಂಟು
- ವಿಡಿಯೊ ಆಟ