ಒಂದೇ ಹೊಡೆದಾಟ, ಎರಡು ಆರೋಪಪಟ್ಟಿ: ಪ್ರತಿಪ್ರಕರಣಗಳ ವಿಚಾರಣೆಯ ಕ್ರಮ

ಹೊಲದ ಬದುವಿಗಾಗಿ ಎರಡು ಮನೆಯವರು ಹೊಡೆದಾಡಿಕೊಂಡರೆ, ಸಂಜೆಯೊಳಗೆ ಒಂದೇ ಠಾಣೆಯಲ್ಲಿ ಎರಡು ಎಫ್‌ಐಆರ್ ದಾಖಲಾಗುವುದುಂಟು. ಒಂದು ಕಡೆಯವನ ತಲೆಗೆ ಮಚ್ಚಿನೇಟು ಬಿದ್ದಿದ್ದರೆ ಅದು ಕೊಲೆಯತ್ನ. ಭಾರತೀಯ ನ್ಯಾಯ ಸಂಹಿತೆಯ 109ನೇ ಕಲಮಿನ ಈ ಅಪರಾಧವನ್ನು ವಿಚಾರಿಸಬೇಕಾದದ್ದು ಸೆಷನ್ಸ್ ನ್ಯಾಯಾಲಯ. ಎದುರು ಕಡೆಯವನ ಕೈಗೆ ಕುಡುಗೋಲು ತಗುಲಿದ್ದರೆ ಅದು 118(1)ನೇ ಕಲಮಿನ ಅಪರಾಧ; ಮ್ಯಾಜಿಸ್ಟ್ರೇಟರೇ ವಿಚಾರಿಸಬಹುದು. ಹಾಗೇ ಬಿಟ್ಟರೆ ಒಂದು ಕಡತ ಸೆಷನ್ಸ್‌ಗೆ ಹೋಗುತ್ತದೆ, ಇನ್ನೊಂದು ಮ್ಯಾಜಿಸ್ಟ್ರೇಟರ (ಜೆಎಂಎಫ್‌ಸಿ) ಕೋರ್ಟಿನಲ್ಲೇ ಉಳಿಯುತ್ತದೆ. ಮೊದಲು ಕೈ ಮಾಡಿದವರು ಯಾರು ಎಂಬ ಪ್ರಶ್ನೆಗೆ ಇಬ್ಬರು ನ್ಯಾಯಾಧೀಶರು ಎರಡು ಉತ್ತರ ಕೊಟ್ಟರೆ? ಎರಡೂ ಕಡೆಯವರು ಆಕ್ರಮಣಕಾರರೆಂದು ಜೈಲಿಗೆ ಹೋಗಬಹುದು, ಇಲ್ಲವೇ ಆತ್ಮರಕ್ಷಣೆಯ ಹೆಸರಿನಲ್ಲಿ ಇಬ್ಬರೂ ಬಿಡುಗಡೆಯಾಗಬಹುದು.

ಈ ತೊಡಕು ಹಳೆಯದು. ಒಂದೇ ಘಟನೆಯಿಂದ ಹುಟ್ಟಿದ ಪ್ರಕರಣ, ಪ್ರತಿಪ್ರಕರಣಗಳನ್ನು ಸಾಧ್ಯವಾದಷ್ಟೂ ಒಂದೇ ನ್ಯಾಯಾಲಯ ವಿಚಾರಿಸಬೇಕೆಂದು ಮದ್ರಾಸ್ ಹೈಕೋರ್ಟಿನ ನ್ಯಾಯಮೂರ್ತಿ ವಾಲರ್ 1929ರಷ್ಟು ಹಿಂದೆಯೇ ಹೇಳಿದ್ದರು. ಇದಕ್ಕೆ ಸ್ಪಷ್ಟ ಕಾನೂನಿಲ್ಲ, ಶಾಸಕಾಂಗ ಈ ಕೊರತೆ ನೀಗಿಸಬೇಕು ಎಂದು ಅದೇ ಹೈಕೋರ್ಟಿನ ನ್ಯಾಯಮೂರ್ತಿ ಜಾಕ್ಸನ್ ಅವರ, 1930ರಲ್ಲಿ ವರದಿಯಾದ ತೀರ್ಪು ಒತ್ತಾಯಿಸಿತು. ಆಮೇಲೆ 1973ರ ದಂಡಪ್ರಕ್ರಿಯಾ ಸಂಹಿತೆ ಬಂತು. 2024ರ ಜುಲೈ 1ರಿಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ ಜಾರಿಯಲ್ಲಿದೆ. ಪ್ರತಿಪ್ರಕರಣಕ್ಕೆಂದೇ ಒಂದು ಕಲಮು ಎರಡರಲ್ಲೂ ಇಲ್ಲ. ಇಂದು ಅನುಸರಿಸುವ ಕ್ರಮವೆಲ್ಲ ತೀರ್ಪುಗಳು ಕಟ್ಟಿಕೊಟ್ಟದ್ದು.

ಮೇಲಿನ ಕೋರ್ಟಿಗೆ ಸಣ್ಣ ಪ್ರಕರಣವನ್ನು ಒಯ್ಯುವ ದಾರಿ ಮಾತ್ರ ಸಂಹಿತೆಯಲ್ಲೇ ಇದೆ. ತೀರ್ಪಿಗೆ ಸಹಿ ಹಾಕುವ ಮುನ್ನ ಯಾವ ಹಂತದಲ್ಲಾದರೂ ಪ್ರಕರಣವನ್ನು ಸೆಷನ್ಸ್ ನ್ಯಾಯಾಲಯವೇ ವಿಚಾರಿಸಬೇಕೆಂದು ಮ್ಯಾಜಿಸ್ಟ್ರೇಟರಿಗೆ ಕಂಡುಬಂದರೆ 362ನೇ ಕಲಮಿನಡಿ (ಹಳೆಯ 323) ಅದನ್ನು ಕಮಿಟ್ ಮಾಡಬೇಕು, ಅಂದರೆ ಸೆಷನ್ಸ್‌ಗೆ ಒಪ್ಪಿಸಬೇಕು. ಹೀಗೆ ಬಂದದ್ದನ್ನು ಸೆಷನ್ಸ್ ನ್ಯಾಯಾಧೀಶರು ‘ಇದು ನಮ್ಮ ಮಟ್ಟದ್ದಲ್ಲ’ ಎಂದು 251ನೇ ಕಲಮಿನಡಿ (ಹಳೆಯ 228) ಕೆಳಗೆ ಕಳಿಸಿಬಿಟ್ಟರೆ ಪಟ್ಟ ಶ್ರಮವೆಲ್ಲ ವ್ಯರ್ಥ. 2001ರ ಸುಧೀರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಎದುರಿಸಿದ್ದು ಇದನ್ನೇ. ಹಾಗೆ ಕಳಿಸುವುದು ಕಡ್ಡಾಯವಲ್ಲ, ಪ್ರತಿಪ್ರಕರಣವಾಗಿದ್ದರೆ ಸೆಷನ್ಸ್‌ನಲ್ಲೇ ಇಟ್ಟುಕೊಳ್ಳಬೇಕು ಎಂದು ನ್ಯಾಯಮೂರ್ತಿ ಕೆ.ಟಿ. ಥಾಮಸ್ ಅವರಿದ್ದ ಪೀಠ ಹೇಳಿತು.

ಒಂದೇ ಕೋರ್ಟಿಗೆ ಬಂದ ಮೇಲೆ ಏನು? 1990ರಲ್ಲಿ ವರದಿಯಾದ ನತ್ಥಿಲಾಲ್ ತೀರ್ಪಿನ ಪ್ರಕಾರ, ಮೊದಲ ಪ್ರಕರಣದ ಸಾಕ್ಷ್ಯ ದಾಖಲಿಸಿ, ವಾದ ಆಲಿಸಿ, ತೀರ್ಪನ್ನು ಕಾಯ್ದಿರಿಸಬೇಕು. ಎರಡನೆಯದರಲ್ಲೂ ಹಾಗೇ. ಆಮೇಲೆ ಅದೇ ನ್ಯಾಯಾಧೀಶರು ಎರಡು ಪ್ರತ್ಯೇಕ ತೀರ್ಪುಗಳನ್ನು ಒಂದರ ಹಿಂದೊಂದು ಓದಬೇಕು. ಒಂದರ ಸಾಕ್ಷ್ಯ ಇನ್ನೊಂದರ ತೀರ್ಪಿನಲ್ಲಿ ಇಣುಕಬಾರದು.

ಎರಡನ್ನೂ ಕೂಡಿಸಿ ಒಂದೇ ವಿಚಾರಣೆ ಮಾಡಿದರಾಗದೇ? ಆಗದು. ಒಂದರ ಸಾಕ್ಷಿಯೇ ಇನ್ನೊಂದರ ಆರೋಪಿ. ಸಂವಿಧಾನದ 20(3)ನೇ ವಿಧಿಯಂತೆ ಆರೋಪಿಯನ್ನು ತನ್ನ ವಿರುದ್ಧವೇ ಸಾಕ್ಷಿ ನುಡಿಯುವಂತೆ ಬಲವಂತಪಡಿಸುವ ಹಾಗಿಲ್ಲ. ಪ್ರತಿಪ್ರಕರಣದ ಸಾಕ್ಷ್ಯವನ್ನು ಹೈಕೋರ್ಟ್ ಬಳಸಿಕೊಂಡದ್ದನ್ನು 1975ರಲ್ಲಿ ವರದಿಯಾದ ಮಿಟ್ಠುಲಾಲ್ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್ ಒಪ್ಪಲಿಲ್ಲ.

ನಿಜವಾದ ಇಕ್ಕಟ್ಟು ಇಲ್ಲೇ ಇದೆ. ಇಡೀ ಕಥೆ ಒಬ್ಬರ ಕಿವಿಗೇ ಬೀಳಲಿ ಎಂದು ಎರಡನ್ನೂ ಒಬ್ಬ ನ್ಯಾಯಾಧೀಶರಿಗೆ ಕೊಡುತ್ತೇವೆ. ತೀರ್ಪು ಬರೆಯುವಾಗ ಅರ್ಧ ಕಥೆಯನ್ನು ಮರೆಯಿರಿ ಎನ್ನುತ್ತೇವೆ. ಈ ಮರೆವು ಎಷ್ಟು ಸಾಧ್ಯವೋ ಹೇಳುವುದು ಕಷ್ಟ. ಹಾಗಾಗಿ ಹೊಣೆ ಬಹುಪಾಲು ವಕೀಲರ ಮೇಲೆ ಬೀಳುತ್ತದೆ: ತನ್ನ ಕಕ್ಷಿದಾರನ ಗಾಯದ ಪ್ರಮಾಣಪತ್ರ ಎದುರು ಪ್ರಕರಣದ ಕಡತದಲ್ಲಿದೆಯಲ್ಲ ಎಂದು ಸುಮ್ಮನಿದ್ದರೆ ಉಪಯೋಗವಿಲ್ಲ. ಆ ವೈದ್ಯರನ್ನು ಇಲ್ಲೂ ಕರೆಸಬೇಕು, ಪ್ರಮಾಣಪತ್ರವನ್ನು ಇಲ್ಲೂ ನಿಶಾನೆ ಮಾಡಿಸಬೇಕು. ಮಾಡಿಸದಿದ್ದರೆ ನ್ಯಾಯಾಧೀಶರಿಗೆ ಗಾಯ ಗೊತ್ತು, ತೀರ್ಪಿಗೆ ಗೊತ್ತಿಲ್ಲ.

ಕರ್ನಾಟಕ ಹೈಕೋರ್ಟ್ ಈ ಕ್ರಮವನ್ನು ಇನ್ನಷ್ಟು ಬಿಗಿ ಮಾಡಿದೆ. 2012ರ ಐಎಲ್‌ಆರ್ ಸಂಪುಟದಲ್ಲಿ ವರದಿಯಾದ ತೀರ್ಪಿನಂತೆ ಎರಡೂ ಪ್ರಕರಣಗಳ ತನಿಖಾಧಿಕಾರಿ ಒಬ್ಬರೇ ಇರಬೇಕು, ಸರ್ಕಾರಿ ಅಭಿಯೋಜಕರು ಮಾತ್ರ ಬೇರೆ ಬೇರೆ. ಬೆಳಿಗ್ಗೆ ಒಬ್ಬನನ್ನು ಅಮಾಯಕನೆಂದು ವಾದಿಸಿ ಮಧ್ಯಾಹ್ನ ಅವನಿಗೇ ಶಿಕ್ಷೆ ಕೇಳುವ ಮುಜುಗರ ಅಭಿಯೋಜಕರಿಗೆ ಇದರಿಂದ ತಪ್ಪುತ್ತದೆ.

ಆದರೂ ಎಲ್ಲ ಸಲವೂ ಎರಡು ಕಡತಗಳು ಜೊತೆಯಾಗಿ ಹೊರಡಲಾರವು. ಒಂದು ಕಡೆ ಹದಿನಾರು ತುಂಬದ ಹುಡುಗನಿದ್ದರೆ ಅವನ ವಿಚಾರಣೆ ಬಾಲನ್ಯಾಯ ಮಂಡಳಿಯ ಮುಂದೆ. ಇದಕ್ಕಿಂತ ಹೆಚ್ಚು ಎಡವುವುದು ಬಿ ರಿಪೋರ್ಟಿನಲ್ಲಿ, ಅಂದರೆ ದೂರಿನಲ್ಲಿ ಹುರುಳಿಲ್ಲವೆಂಬ ಪೊಲೀಸರ ಅಂತಿಮ ವರದಿಯಲ್ಲಿ. ಪೊಲೀಸರು ಒಂದು ಕಡೆಯ ದೂರಿಗೆ ಆರೋಪಪಟ್ಟಿ ಸಲ್ಲಿಸಿ, ಇನ್ನೊಂದಕ್ಕೆ ಬಿ ರಿಪೋರ್ಟ್ ಹಾಕುತ್ತಾರೆ. ಅದನ್ನು ಪ್ರಶ್ನಿಸಿ ದೂರುದಾರ ತಕರಾರು ಅರ್ಜಿ ಹಾಕಬೇಕು, ಪ್ರಮಾಣ ಹೇಳಿಕೆ ಕೊಡಬೇಕು. ಮ್ಯಾಜಿಸ್ಟ್ರೇಟರು ಸಂಜ್ಞಾನ ಪಡೆದು ಸಮನ್ಸ್ ಕಳಿಸಬೇಕು. ಇತ್ತ ಹೊಸ ಸಂಹಿತೆಯ 232ನೇ ಕಲಮು, ಸಂಜ್ಞಾನ ಪಡೆದ 90 ದಿನಗಳೊಳಗೆ (ಕಾರಣ ಬರೆದಿಟ್ಟರೆ 180ರವರೆಗೆ) ಕಮಿಟ್ ಪ್ರಕ್ರಿಯೆ ಮುಗಿಯಬೇಕೆನ್ನುತ್ತದೆ. ಮೊದಲ ಕಡತ ಹೀಗೆ ಸೆಷನ್ಸ್ ತಲುಪಿ ಸಾಕ್ಷಿಗಳ ವಿಚಾರಣೆ ಶುರುವಾದಾಗಲೂ ಎರಡನೆಯದು ಸಮನ್ಸ್ ಹಂತದಲ್ಲೇ ಇರಬಹುದು. ಅದು ಬರುವವರೆಗೆ ಮೊದಲನೆಯದನ್ನು ತಡೆಹಿಡಿದರೆ, ಜಾಮೀನು ಸಿಗದೆ ಜೈಲಿನಲ್ಲಿರುವ ಆರೋಪಿಯೂ ಕಾಯಬೇಕಾಗುತ್ತದೆ. ಎಷ್ಟು ದಿನ ಎಂಬುದಕ್ಕೆ 232ನೇ ಕಲಮಾಗಲಿ 362ನೇ ಕಲಮಾಗಲಿ ಉತ್ತರ ಕೊಡುವುದಿಲ್ಲ.